ಎರವಲು ದನಿಯ ನಾಯಕ

ಕೊರೋನಾ ಬಂದ ವರ್ಷ ಟೋಕಿಯೊದ ಕೋಟೋ ಬಡಾವಣೆಯಲ್ಲಿ ಮಧ್ಯಾಹ್ನಗಳು ಮುಗಿಯುತ್ತಲೇ ಇರಲಿಲ್ಲ. ಆರನೇ ಮಹಡಿಯಿಂದ ನೋಡಿದರೆ ಕಾಲುವೆಯ ನೀರು ಬಿಸಿಲಲ್ಲಿ ಸುಮ್ಮನೆ ಮಲಗಿರುತ್ತಿತ್ತು. ಬಟ್ಟೆ ಒಣಹಾಕಲು ಬಾಲ್ಕನಿಗೆ ಹೋದವಳು ಇವತ್ತು ಯಾವ ವಾರವೆಂದೇ ಮರೆತು, ಒದ್ದೆ ಟವೆಲ್ ಹಿಡಿದು ನಿಂತುಬಿಡುತ್ತಿದ್ದೆ.

ಹಾಗೆ ನಿಂತಿದ್ದಾಗ ಪಕ್ಕದ ಬಾಲ್ಕನಿಯಲ್ಲಿ ಯಾರೋ ಕೆಮ್ಮಿದರು. ನಡುವೆ ಇರುವುದು ಒಂದು ತೆಳು ಹಲಗೆ, ಬೆಂಕಿ ಬಿದ್ದರೆ ಒದ್ದು ಆಚೆ ದಾಟಲೆಂದು ಹಾಕಿದ್ದು. ನಾನು ಒದ್ದೆ ಟವೆಲನ್ನೇ ಮೂಗಿಗೆ ಒತ್ತಿಕೊಂಡು, ಬಕೆಟ್ ಎಡವುತ್ತ ಹಿಂದೆ ಸರಿದೆ.

"ಹೆದರ್ಬೇಡಮ್ಮ, ಬರೀ ಸಿಗರೇಟಿನ ಕೆಮ್ಮು" ಎಂದಿತು ಇಂಗ್ಲಿಷಿನಲ್ಲಿ ಒಂದು ದನಿ. ಎಂಥ ದನಿ ಅಂತೀರಿ! ಬೆಲ್ಲದ ಪಾಕದ ಹಾಗೆ ನಿಧಾನ, ದಪ್ಪ.

ಅವರು ಇಸ್ರೇಲಿನವರು, ಎಂಬತ್ತು ದಾಟಿದವರು. ಜಪಾನಿ ಹೆಂಡತಿಯ ಜೊತೆ ಇಲ್ಲಿಗೆ ಬಂದು, ಆಕೆ ತೀರಿಕೊಂಡ ಮೇಲೂ ಇಲ್ಲೇ ಉಳಿದಿದ್ದರು. ನನ್ನ ಮಗಳು ಜಪಾನಿಗಳು ಗೌರವಕ್ಕೆ ಹಚ್ಚುವ 'ಸಾನ್' ಸೇರಿಸಿ 'ತಾತ-ಸಾನ್' ಎಂದು ಕರೆದಳು, ನನಗೂ ಅವರು ತಾತನೇ ಆದರು. ದಿನಾ ಮೂರು ಗಂಟೆಗೆ ನಾನು ಕಾಫಿ ಹಿಡಿದು ಹಲಗೆಗೆ ಒರಗುತ್ತಿದ್ದೆ, ಆಚೆಯಿಂದ ಅವರ ಬದುಕು ಸ್ವಲ್ಪ ಸ್ವಲ್ಪವೇ ಈಚೆಗೆ ಬರುತ್ತಿತ್ತು.

ಅವರ ಹರೆಯದಲ್ಲಿ ಇಸ್ರೇಲ್ ಹುಟ್ಟಿ ಇನ್ನೂ ಕೆಲವೇ ವರ್ಷ, ಸಿನಿಮಾ ಅಲ್ಲಿ ಅಂಬೆಗಾಲಿಡುತ್ತಿತ್ತು. ಸ್ಟುಡಿಯೋ ಇಲ್ಲ, ಇರುವುದೊಂದೇ ಕ್ಯಾಮೆರಾ, ಮರಳುಗಾಡಿನ ಬಿಸಿಲೇ ದೀಪ. ರೊಮೇನಿಯಾದಿಂದ ಹಡಗಿನಲ್ಲಿ ಬಂದಿಳಿದ ಇವರು ಕಿತ್ತಳೆ ತೋಟದಲ್ಲಿ ಹಣ್ಣು ಕೀಳುತ್ತಿದ್ದಾಗ ನಿರ್ದೇಶಕನ ಕಣ್ಣಿಗೆ ಬಿದ್ದರು. ಏಳು ಸಿನಿಮಾ ಮಾಡಿದರು: ಸೈನಿಕ, ಲಾರಿ ಡ್ರೈವರ್, ಬಾವಿ ತೋಡುವವನು. ಆಮೇಲೆ ಹೊಸ ಮುಖಗಳು ಬಂದವು, ಇವರನ್ನು ಕರೆಯುವುದು ನಿಂತಿತು.

"ಏಳರಲ್ಲೂ ನನ್ನ ದನಿ ಇಲ್ಲಮ್ಮ" ಎಂದರು ಒಂದು ದಿನ. ಅವರ ಹೀಬ್ರೂ ಮಾತಿನಲ್ಲಿ ಹುಟ್ಟೂರಿನ ವಾಸನೆ ಇತ್ತಂತೆ. ಹಾಗಾಗಿ ಬೇರೊಬ್ಬನಿಂದ ಕಂಠದಾನ ಮಾಡಿಸಿದ್ದರು. "ಜನ ಬೀದೀಲಿ ನಿಲ್ಸಿ ಮಾತಾಡ್ಸೋರು. ನಾನು ಬಾಯಿ ಬಿಟ್ಟ ತಕ್ಷಣ, ಓ ನೀವು ಅವ್ರಲ್ಲ ಬಿಡಿ ಅಂತ ಹೊರಟ್ಹೋಗೋರು."

ಆ ಚಳಿಗಾಲ ಅವರಿಗೊಂದು ಪತ್ರ ಬಂತು. ಹಳೆಯ ಚಿತ್ರಗಳನ್ನು ಕಾಪಾಡುವವರು ಅವರ ಮೊದಲ ಸಿನಿಮಾವನ್ನು ಹೊಸದು ಮಾಡುತ್ತಿದ್ದರು. ಕೊನೆಯ ದೃಶ್ಯದ ಮಾತನ್ನು ನೀವೇ ಹೇಳಿ ಕಳಿಸಿದರೆ ಎರವಲು ದನಿ ತೆಗೆದು ನಿಮ್ಮದನ್ನೇ ಸೇರಿಸುತ್ತೇವೆ, ಆದರೆ ತಿಂಗಳೊಳಗೆ ಬೇಕು ಎಂದಿದ್ದರು. ಅಲ್ಲಿಗೆ ಹೋಗಲು ವಿಮಾನವಿಲ್ಲ. ತಾತನ ಹತ್ತಿರ ಇದ್ದದ್ದು ಮಡಚುವ ಹಳೆಯ ಫೋನು.

"ಸಾಯೋಕ್ ಮುಂಚೆ ಒಂದ್ಸಲ, ಆ ಮುಖಕ್ಕೆ ನನ್ನ ದನಿ" ಎಂದರು.

"ನಾನಿದ್ದೀನಲ್ಲ ತಾತ!" ಎಂದೆ, ಭಾರೀ ಧೈರ್ಯವಾಗಿ.

ಆಗ ಮುಟ್ಟಿದ್ದೆಲ್ಲ ಭಯ. ರೆಕಾರ್ಡ್ ಮಾಡಲು ನನ್ನ ಫೋನನ್ನು ಅವರ ಕೈಗೆ ಕೊಡದೆ, ಹಲಗೆಯ ಕೆಳಗಿನ ಸಂದಿಯ ಬಳಿ ಹಿಡಿದು ಕುಕ್ಕರಗಾಲಲ್ಲಿ ಕೂತೆ. ಒಳಗೆ ಮೀಟಿಂಗಿನಲ್ಲಿದ್ದ ಗಂಡನಿಗೆ, "ಐದು ನಿಮಿಷ ನಿಮ್ಮ ಸಾನ್‌ಗಳನ್ನೆಲ್ಲ ಸುಮ್ನಿರಿಸ್ರೀ" ಎಂದು ಗದರಿದ್ದಾಯಿತು. ತಾತ ಶುರುಮಾಡಿದರು. ನೀರು ಸಿಗದ ಬಾವಿಯ ಪಕ್ಕ ಕೂತು ಒಬ್ಬ ತನ್ನ ಕತ್ತೆಗೆ ಬದುಕಿನ ಕಥೆ ಹೇಳುವ ದೃಶ್ಯ. ಒಂದಕ್ಷರ ತಿಳಿಯಲಿಲ್ಲ ನನಗೆ. ಆದರೂ ಕಣ್ಣು ಮುಚ್ಚಿದರೆ ಕೆಳಗಿನ ಕಾಲುವೆ ಇಂಗಿ ಮರಳಾಯಿತು, ಎದುರಿನ ಕಟ್ಟಡಗಳು ಕರಗಿಹೋದವು. ಮುಗಿದ ಕೂಡಲೇ, ಎಲ್ಲಿ ಅಳಿಸಿಹೋಗುತ್ತದೋ ಎಂಬ ಗಾಬರಿಯಲ್ಲಿ, ಒಮ್ಮೆಯೂ ಕೇಳಿ ನೋಡದೆ ಕಳಿಸಿಬಿಟ್ಟೆ.

ಹತ್ತು ದಿನಕ್ಕೆ ನನ್ನ ಮೇಲ್‌ಗೆ ಉತ್ತರ ಬಂತು. ದನಿ ಅದ್ಭುತ, ಆದರೆ ಅವರು ಉಸಿರು ತೆಗೆದುಕೊಂಡಲ್ಲೆಲ್ಲ ಹೆಂಗಸೊಬ್ಬಳು 'ಹೂಂ' ಅನ್ನುತ್ತಾಳೆ, ಬೇರ್ಪಡಿಸಲು ಆಗುತ್ತಿಲ್ಲ, ದಯವಿಟ್ಟು ಇನ್ನೊಮ್ಮೆ.

ಹಾಕಿ ಕೇಳಿದೆ. ನಾನೇ! ನಮ್ಮಜ್ಜಿ ಕಥೆ ಹೇಳುವಾಗ ನಾವು ಹೂಂಗುಟ್ಟುವುದು ನಿಲ್ಲಿಸಿದರೆ ಅವಳೂ ಕಥೆ ನಿಲ್ಲಿಸುತ್ತಿದ್ದಳು. ಆ ಅಭ್ಯಾಸ ನನಗೇ ತಿಳಿಯದ ಹಾಗೆ ಇಲ್ಲಿತನಕ ಬಂದಿತ್ತು. ನನ್ನ ಬಾಯಿಗಷ್ಟು ಮಣ್ಣು ಹಾಕ!

ಮತ್ತೆ ಹೇಳಿಸೋಣವೆಂದರೆ, ಹಿಂದಿನ ದಿನವಷ್ಟೇ ತಾತನನ್ನು ಜ್ವರವೆಂದು ಆಸ್ಪತ್ರೆಗೆ ಒಯ್ದಿದ್ದರು. ಆರು ವಾರ ಕಳೆಯಿತು. ಗಂಟಲಿಗೆ ಕೊಳವೆ ಹಾಕಿದ್ದರಂತೆ. ಮನೆಗೆ ಬಂದಾಗ ಉಳಿದದ್ದು ಬರೀ ಪಿಸುಮಾತು, ಗಡುವೂ ಮುಗಿದಿತ್ತು. ಹಲಗೆಗೆ ಹಣೆ ಒತ್ತಿ ಎಲ್ಲ ಹೇಳಿಕೊಂಡೆ.

"ನಿಮ್ಗಿದ್ದ ಒಂದೇ ಒಂದು ಅವಕಾಶ ನಾನು ಹಾಳ್ಮಾಡ್ಬಿಟ್ಟೆ ತಾತ."

ತಾತ ನಕ್ಕರು, ಗಾಳಿ ಸೋರಿದಂಥ ನಗು. "ಆ ಕತ್ತೆ ಒಂದ್ಸಲಾನೂ ಕಿವಿ ಅಲ್ಲಾಡಿಸ್ಲಿಲ್ಲ ಕಣಮ್ಮ, ನೀನಾದ್ರೂ ಹೂಂ ಅಂದ್ಯಲ್ಲ."

ವಸಂತದಲ್ಲಿ ಆ ಸಿನಿಮಾ ಇಂಟರ್ನೆಟ್ಟಿಗೆ ಬಂತು, ಹಳೆಯ ದನಿಯಲ್ಲೇ. ಅವರಿಗೂ ಕಾಣುವಂತೆ ಲ್ಯಾಪ್‌ಟಾಪನ್ನು ಬಾಲ್ಕನಿಯ ಅಂಚಿನಲ್ಲಿ ಸ್ಟೂಲಿನ ಮೇಲಿಟ್ಟೆ. ಕೊನೆಯ ದೃಶ್ಯ ಬಂದಾಗ, "ಸೌಂಡ್ ಬಂದ್ ಮಾಡು" ಎಂದರು. ರೆಕಾರ್ಡ್ ಮಾಡೋಣವೆಂದು ಫೋನ್ ತರಲು ಎದ್ದೆ. "ಬೇಡ, ಕೂತ್ಕೋ."

ಪರದೆಯ ಮೇಲೆ ಇಪ್ಪತ್ತೆರಡರ ಹುಡುಗ ತುಟಿ ಆಡಿಸಿದ. ಹಲಗೆಯಾಚೆಯಿಂದ ಆ ತುಟಿಗೆ ಸರಿಯಾಗಿ ಒಡೆದ ಪಿಸುಮಾತು ಬಂತು, ಒಂದು ಮಾತೂ ತಪ್ಪಲಿಲ್ಲ. ಮತ್ತೆ ಎಲ್ಲಿ ಹೂಂ ಅಂದುಬಿಡುತ್ತೇನೋ ಎಂದು ನಾನು ಸೆರಗನ್ನು ಬಾಯಿಗೆ ತುರುಕಿಕೊಂಡು ಕೂತಿದ್ದೆ.

ಮುಗಿಸಿ, "ಹೇಗಿತ್ತು?" ಎಂದು ಕೇಳಿದರು.

ಸೆರಗು ತೆಗೆದು ಬಾಯಿ ತೆರೆದೆ, ಅಂದು ಬೇಡದಲ್ಲೆಲ್ಲ ತಾನಾಗಿ ಬಂದ 'ಹೂಂ' ಈಗ ಬೇಕೆಂದರೂ ಬರಲಿಲ್ಲ. ಅವರು ಆಚೆ ಕಾಯುತ್ತಲೇ ಇದ್ದರು.