ಎದುರು ಬಾಗಿಲ ತವರು

ಚೊಚ್ಚಲ ಬಾಣಂತನ ತವರುಮನೆಯವರದೇ ಎನ್ನುವುದು ನಮ್ಮ ಅತ್ತೆಯ ಪಾಲಿಗೆ ಕಲ್ಲಿನಲ್ಲಿ ಕೆತ್ತಿದ ಮಾತು. ನನಗೋ ತಾಯಿ ಇರಲಿಲ್ಲ. ಇದ್ದೊಬ್ಬ ಅಣ್ಣನ ಹೆಂಡತಿಗೂ ಅದೇ ತಿಂಗಳು ದಿನ ತುಂಬಿತ್ತು. ಅತ್ತೆ ಮೈಸೂರಿನಿಂದ ಟ್ರಂಕ್ ಕಾಲ್ ಮಾಡಿ, "ಮೊದಲನೇದನ್ನ ನಾವೇ ಮಾಡಿದ್ರೆ ಜನ ಏನಂತಾರಮ್ಮ? ನಿಂಗೆ ತವರೇ ಇಲ್ಲ ಅನ್ನಲ್ವಾ?" ಎಂದರು. ಯಾವ ಜನ ಎಂದು ಕೇಳುವಷ್ಟು ಸಿಟ್ಟು ನನಗೆ. ಕೇಳುವಷ್ಟರಲ್ಲಿ ಲೈನ್ ಕಟ್ಟಾಯಿತು. ತುಂಬಿದ ಹೊಟ್ಟೆ ಹೊತ್ತು, ಮುಂಬಯಿಯ ಕಾಂದಿವಲಿಯ ನಮ್ಮ ಬಿಲ್ಡಿಂಗಿನ ಮೆಟ್ಟಿಲ ಮೇಲೆ ಅಳುತ್ತಾ ಕೂತೆ.

ಎದುರು ಬಾಗಿಲಿನ ಕಾಕು, ಬಿಲ್ಡಿಂಗಿಗೆಲ್ಲ ಚಿಕ್ಕಮ್ಮ, ಹೊರಗೆ ಬಂದರು. ವಿಜಾಪುರದ ಕಡೆಯವರು, ಇಬ್ಬರು ಹೆಣ್ಣುಮಕ್ಕಳ ಬಾಣಂತನ ಮಾಡಿ ಕೈ ಪಳಗಿದವರು. ನನ್ನ ಗೋಳು ಕೇಳಿ ನಕ್ಕೇಬಿಟ್ಟರು.

"ತವರಮನಿ ಬೇಕು, ಹೌದಲ್ಲೊ? ನಮ್ಮನಿ ಐತಲ್ಲವಾ. ಬಾ."

ತಮಾಷೆ ಅಂದುಕೊಂಡಿದ್ದೆ. ಆದರೆ ಆಸ್ಪತ್ರೆಯಿಂದ ಬಂದ ದಿನ ಕಾಕು ಮಗುವನ್ನೆತ್ತಿಕೊಂಡು ಸೀದಾ ತಮ್ಮ ಮನೆಗೇ ನಡೆದರು. ನಾನೂ ಹಿಂದೆ ಹೋದೆ. ನನ್ನ ಗಂಡ ದಿನಾ ಸಂಜೆ ಲೋಕಲ್ ಇಳಿದು ಬಂದು, ಅಳಿಯನ ಹಾಗೆ ಬಾಗಿಲು ತಟ್ಟಿ, ಚಹಾ ಕುಡಿದು, ಮಗುವನ್ನು ನೋಡಿ, ಎದುರಿನ ತಮ್ಮ ಮನೆಗೆ ಹೋಗಬೇಕು. ಹೋಗುವಾಗ ಅವರ ಮುಖ ನೋಡಿದರೆ ನನಗೆ ನಗು ತಡೆಯಲಾಗುತ್ತಿರಲಿಲ್ಲ. ಮೆಣಸಿನ ಸಾರು ಬೇಕೆಂದು ನಾನು ಗೊಣಗಿದರೆ ಕಾಕು ಬೈಯುತ್ತಲೇ ನನ್ನ ಬಾಯಿಗೆ ಅಂಟಿನುಂಡೆ ತುರುಕಿ ಮಾತು ನಿಲ್ಲಿಸುತ್ತಿದ್ದರು. ಅಷ್ಟು ಸುಖವಾಗಿ ನಾನು ಎಂದೂ ಬೈಸಿಕೊಂಡಿರಲಿಲ್ಲ.

ಮೂರು ತಿಂಗಳಾಯಿತು. ಮೊಮ್ಮಗಳನ್ನು ಮನೆ ತುಂಬಿಸಿಕೊಳ್ಳಲು ಅತ್ತೆ ಮೈಸೂರಿನಿಂದ ಬಂದರು, ಬಿಗಿದ ಮುಖದಲ್ಲೇ. ಸೊಸೆ ಯಾರದೋ ಮನೆಯಲ್ಲಿ ಬಾಣಂತನ ಮಾಡಿಸಿಕೊಂಡಳಲ್ಲ ಎಂಬ ಸಂಕಟ. ನನ್ನ ಗಂಡ ಮಾತ್ರ ಬನಿಯನ್ನಿನಲ್ಲೇ ನನ್ನನ್ನು ಕರೆಯಲು ಬಂದರು.

ಕಾಕು ಬಾಗಿಲಿಗೆ ಅಡ್ಡ ನಿಂತರು. "ಅಳಿಯಾರ, ಹಿಂಗ ಬಂದ್ರ ಮಗಳನ್ನ ಕಳಸೂದಿಲ್ರಿ. ಶರ್ಟ್ ಹಾಕ್ಕೊಂಡು, ಬೀಗರನ್ನೂ ಕರ್ಕೊಂಡು ಬರ್ರಿ."

ನಮ್ಮ ಮನೆಯ ಬಾಗಿಲಲ್ಲೇ ನಿಂತಿದ್ದ ಅತ್ತೆಗೆ ಎಲ್ಲವೂ ಕೇಳಿಸಿತ್ತು. ಒಳಗೆ ಹೋದವರು ರೇಷ್ಮೆ ಸೀರೆ ಉಟ್ಟು, ಹೂವು ಹಣ್ಣು ಹಿಡಿದು ಬಂದರು. ಕಾಕು ಅವರಿಗೆ ಕುಂಕುಮ ಕೊಟ್ಟು, ನನ್ನ ಮಡಿಲಿಗೆ ಅಕ್ಕಿ, ಕೊಬ್ಬರಿ, ಅರಿಶಿನದ ಬೇರು, ಒಂದು ಕುಪ್ಪಸದ ಖಣ ತುಂಬಿದರು. ಹೊಸಿಲು ದಾಟುವಾಗ ನನಗೆ ಅಳು ಒತ್ತರಿಸಿ ಬಂತು.

"ಎದುರು ಮನೆಗೆ ಹೋಗೋಕೆ ಅಳ್ತೀಯಲ್ಲೇ!" ಎಂದರು ನನ್ನ ಗಂಡ.

"ನೀನು ಸುಮ್ನಿರೋ," ಎಂದರು ಅತ್ತೆ. "ತವರು ಬಿಟ್ಟು ಬರೋವಾಗ ಯಾವ ಹೆಣ್ಣು ಅಳಲ್ಲ?"