ಜೈಲಿಗೆ ಹೋಗುವ ಸಂಪಾದಕ

ಎಂಬತ್ತರ ದಶಕದ ಆರಂಭದಲ್ಲಿ ನಾನು ಪೀಣ್ಯದ ಒಂದು ಮುದ್ರಣಾಲಯದಲ್ಲಿ ಕಂಪೋಸಿಟರ್. ಅಂದರೆ ಸೀಸದ ಅಚ್ಚುಮೊಳೆಗಳನ್ನು ಒಂದೊಂದಾಗಿ ಜೋಡಿಸಿ ಸಾಲು ಕಟ್ಟುವವನು. ಎಲ್ಲರ ದನಿಯನ್ನೂ ಅಣಕಿಸುವುದು ಸಂಬಳವಿಲ್ಲದ ಉಪವೃತ್ತಿ. ನನ್ನ ಸ್ವಂತ ದನಿ ಮಾತ್ರ ಯಾರೂ ಅಣಕಿಸಲಾರದಷ್ಟು ಸಪ್ಪೆ.

ಅಲ್ಲಿ ಕಾರ್ಮಿಕರ ಮಾಸಪತ್ರಿಕೆಯೊಂದು ಅಚ್ಚಾಗುತ್ತಿತ್ತು. ಅದನ್ನು ಗುಟ್ಟಾಗಿ ಬರೆಯುತ್ತಿದ್ದವರು ರಾಜಗೋಪಾಲನಗರದ ಲೇತ್ ಆಪರೇಟರ್ ರಂಗಣ್ಣ. ಹೆಸರು ಹೊರಬಿದ್ದರೆ ಅವರ ಕೆಲಸ ಹೋಗುತ್ತಿತ್ತು. ಮನೆಮಂದಿಗೆಲ್ಲ ಅದೊಂದೇ ಸಂಬಳ. ಆ ವರ್ಷ ಅವರು ಜರ್ಮನಿಯ ಸಮಾಜವಾದಿ ಪತ್ರಿಕೆಯೊಂದರ ಇತಿಹಾಸವನ್ನು ಕಂತುಕಂತಾಗಿ ಬರೆಯುತ್ತಿದ್ದರು. ನಿಷೇಧವಾದಾಗ ಅದು ಗಡಿಯಾಚೆ ಅಚ್ಚಾಗಿ ಕದ್ದು ಒಳಬರುತ್ತಿತ್ತಂತೆ. ನಿಷೇಧ ಹೋದರೂ ಮೊಕದ್ದಮೆ ನಿಲ್ಲಲಿಲ್ಲ. ಆಗ ಅಲ್ಲಿನವರು ಒಂದು ಪದ್ಧತಿ ಮಾಡಿಕೊಂಡರು: ಬರೆಯುವವನೊಬ್ಬ, ಸಂಪಾದಕನೆಂದು ಹೆಸರು ಹಾಕಿಸಿಕೊಂಡು ಜೈಲಿಗೆ ಹೋಗುವವನು ಇನ್ನೊಬ್ಬ.

"ನಮ್ಗೂ ಅಂಥವ್ನೊಬ್ಬ ಬೇಕು ಕಣೋ. ನಿಂಗೆ ಹೆಂಡ್ತಿ ಇಲ್ಲ, ಮಕ್ಳಿಲ್ಲ," ಎಂದರು ರಂಗಣ್ಣ.

"ಬುದ್ಧೀನೂ ಇಲ್ಲ ಅಂತ ಸೇರ್ಸ್ಕೊಳ್ಳಿ ಅಣ್ಣ. ಹಾಕಿ ನನ್ ಹೆಸ್ರು."

ಒಂದು ಕಾರ್ಖಾನೆಯಲ್ಲಿ ಹುಡುಗಿಯೊಬ್ಬಳ ಬೆರಳು ಯಂತ್ರಕ್ಕೆ ಸಿಕ್ಕಿ ತುಂಡಾದ ಸುದ್ದಿ ಛಾಪಿಸಿದೆವು. ಮರುದಿನವೇ ಅದರ ಮಾಲೀಕನ ಕಡೆಯ ನಾಲ್ವರು ಕಬ್ಬಿಣದ ರಾಡು ಹಿಡಿದು ಮುದ್ರಣಾಲಯಕ್ಕೆ ನುಗ್ಗಿದರು.

"ಯಾವನೋ ಎಡಿಟ್ರು?"

"ನಾನೇ."

"ನೀನಾ? ಮೊದ್ಲು ಮೀಸೆ ಬರ್ಲಿ ಮಗಾ, ಆಮೇಲೆ ಹೊಡೀತೀನಿ."

ಜರ್ಮನಿಯ ಪೊಲೀಸರು ಪತ್ರಿಕೆ ಓದಿ ಹೆಸರು ಹುಡುಕುತ್ತಿದ್ದರು. ನಮ್ಮ ಗೂಂಡಾಗಳು ಮುಖ ನೋಡಿ ಹೊಡೆಯುವವರು. ಅದನ್ನು ನಾವು ಯೋಚಿಸಿರಲೇ ಇಲ್ಲ. ಕನ್ನಡಕ ಹಾಕಿಕೊಂಡು ಪ್ರೂಫ್ ತಿದ್ದುತ್ತಿದ್ದ ರಂಗಣ್ಣ ಅವರಿಗೆ ಸಂಪಾದಕರಂತೆ ಕಂಡರು. ಮೊದಲ ಏಟು ಅವರ ಭುಜಕ್ಕೆ ಬಿತ್ತು, ಮೂಳೆ ಲಟಕ್ಕೆಂದಿತು. ಎರಡನೆಯದಕ್ಕೆ ರಾಡು ಅವರ ತಲೆಯ ಮೇಲೆದ್ದಿತು.

ನಾನು ಆ ಕಾರ್ಖಾನೆ ಮಾಲೀಕನ ಮೂಗಿನ ದನಿ ತೆಗೆದೆ. "ಒಂದ್ ಬೆರಳು ಹೋದ್ರೆ ಏನ್ರೀ, ಇನ್ನೂ ಒಂಬತ್ತಿವೆಯಲ್ಲ! ಹೋಗ್ರೋ, ಹೊಡ್ಕೊಂಡ್ ಬನ್ರೋ ನಾಯಿಗಳಾ!"

ಒಬ್ಬ ತಡೆಯಲಾರದೆ ನಕ್ಕ. ಮುಖಂಡ ನಗಲಿಲ್ಲ. "ಇವ್ನೇ ಕಣ್ರೋ ಬರೆದಿರೋನು!" ಎಂದ. ಆಮೇಲೆ ನನಗೆ ನೆನಪಿರುವುದು ಬಾಯಲ್ಲಿ ರಕ್ತದೊಂದಿಗೆ ಉರುಳಿದ ಹಲ್ಲುಗಳು, ನೆಲದ ತುಂಬ ಚೆಲ್ಲಿದ ಮೊಳೆಗಳು.

ಆಸ್ಪತ್ರೆಯಲ್ಲಿ ದವಡೆಗೆ ತಂತಿ ಬಿಗಿದರು. ನನ್ನ ಅಣಕು ನಿಂತು ಪೀಣ್ಯಕ್ಕೆ ಕೊಂಚ ಕಾಲ ನೆಮ್ಮದಿ. ರಂಗಣ್ಣ ತೋಳು ಜೋಲಿಗೆ ಹಾಕಿಕೊಂಡು ನನ್ನನ್ನು ನೋಡಲು ಬಂದರು.

"ನಾನ್ ಬರ್ದೆ, ನಿನ್ ಬಾಯಿ ಒಡೀತು. ಇನ್ಮೇಲೆ ಬೇಡ ಕಣೋ."

ಮುಂದಿನ ಸಂಚಿಕೆಗೆ ಅವರು ತಮ್ಮ ಹೆಸರನ್ನೇ ಹಾಕಿದರು. ಅವರು ದುಡಿಯುತ್ತಿದ್ದ ಕಾರ್ಖಾನೆ ಅವರನ್ನು ಹೊರಹಾಕಿತು. ನಾನು ಕೆಲಸಕ್ಕೆ ಮರಳಿದಾಗ ಅವರು ನನ್ನ ಪಕ್ಕದಲ್ಲೇ ಮೊಳೆ ಜೋಡಿಸುತ್ತ ನಿಂತಿದ್ದರು, ಒಂದೇ ಕೈಯಲ್ಲಿ, ಮಹಾ ಸೊಟ್ಟಗೆ. ಏಟನ್ನು ಇನ್ನೊಬ್ಬ ತಿನ್ನಬಹುದು, ಹೊಣೆಯನ್ನು ಬರೆದವನೇ ಹೊರಬೇಕು ಎಂಬುದನ್ನು ನಾನು ಕಲಿತದ್ದು ಆ ಸೊಟ್ಟ ಸಾಲುಗಳನ್ನು ಬಿಚ್ಚಿ ಮತ್ತೆ ಕಟ್ಟುವಾಗ.