ಜಂತಿಯ ಕೆಳಗೆ ಕಳೆದ ವರ್ಷ

ಟಿಕೋಟಾದ ನಮ್ಮ ಹಿತ್ತಲಿನ ಬೇವಿನ ಮರದಿಂದ ನಾನು ಬಿದ್ದದ್ದು ಎಪ್ಪತ್ತರ ದಶಕದ ನಡುವಿನ ಒಂದು ಶ್ರಾವಣದಲ್ಲಿ, ಮದುವೆಯಾದ ಮೊದಲ ವರ್ಷ. ಆಡುಗಳಿಗೆ ಸೊಪ್ಪು ಕಡಿಯಲು ಹತ್ತಿದ್ದೆ. ತೊಡೆಯ ಎಲುಬು ಮುರಿಯಿತು. ಬಬಲೇಶ್ವರದ ಕಡೆಯಿಂದ ಬಂದ ನಾಟಿವೈದ್ಯ ಬಿದಿರಿನ ದಬ್ಬೆ ಕಟ್ಟಿ, "ಅಲ್ಲಾಡಬ್ಯಾಡ" ಅಂದು ಹೋದ. ಅವ್ವ ಆ ಮಾತನ್ನೇ ಹಿಡಿದಳು. ಒಳಕೋಣೆಯ ಹೊರಸಿನ ಮೇಲೆ ನಾನು ಅಂಗಾತ ಬಿದ್ದೆ.

ಕಣ್ಣಿಗೆ ಕಾಣುತ್ತಿದ್ದುದು ಜಂತಿ, ಬೆಳಕಿಂಡಿ, ಜೇಡಗಳು. ಮಳೆ ನಿಂತ ಮೇಲೆ ಅವು ಒಮ್ಮೆಲೇ ಹೆಚ್ಚಿದವು. ಬೆಳಕಿಂಡಿಗೆ ಹುಳ ಮುತ್ತಿದಷ್ಟೂ ಬಲೆ ಹರಿಯುತ್ತಿತ್ತು, ಮತ್ತೆ ಕಟ್ಟುತ್ತಿದ್ದವು. ದಸರೆಗೆ ಅವ್ವ ಕಸಬರಿಗೆ ಎತ್ತಿದಾಗ ನಾನು ತಡೆದೆ.

"ಇರ್ಲಿ ಬಿಡಬೇ. ಇವನ್ನ ಬಿಟ್ರ ನನಗ ನೋಡಾಕ ಏನೈತಿ?"

ಅವಳು ಕಸಬರಿಗೆ ಮೂಲೆಗಿಟ್ಟು ಹೊರಗೆ ಹೋದಳು.

ಚಳಿ ಬಿದ್ದಾಗ ಬಲೆಗಳು ವಿರಳವಾದವು. ಜಂತಿಯ ಸಂದಿಯಲ್ಲಿ ಒಂದು ಜೇಡ ಹತ್ತಿಯಂಥ ಬಿಳಿ ತತ್ತಿಚೀಲಕ್ಕೆ ಅಂಟಿ ಕುಳಿತಿತ್ತು, ದಿನಗಟ್ಟಲೆ ಅಲ್ಲಾಡಲಿಲ್ಲ. ಗೆಳೆಯರು ಮೊದಮೊದಲು ಬಂದರು, ಜೋಳದ ರಾಶಿ ಶುರುವಾದ ಮೇಲೆ ಬರಲಿಲ್ಲ. ಮಲಮೂತ್ರಕ್ಕೂ ಹೆಂಡತಿಯನ್ನೇ ಕರೆಯಬೇಕು. ಅವಳು ನಿಡೋಣಿಯವಳು, ಮಾತು ಕಡಿಮೆ. ಅವಳ ಮುಖ ನೋಡಲಾರದೆ ಜಂತಿ ನೋಡುತ್ತಿದ್ದೆ. ದಬ್ಬೆ ಬಿಚ್ಚಿದಾಗ ಕಾಲು ಸೊಟ್ಟಗಿತ್ತು. ಊರಿದರೆ ಜೀವ ಹೋಗುವ ನೋವು. ವೈದ್ಯ ಮತ್ತೆ ಕಟ್ಟಿದ.

ಯುಗಾದಿಯ ಹೊತ್ತಿಗೆ ಚೀಲ ಒಡೆದು, ಸಾಸಿವೆಗಿಂತ ಸಣ್ಣ ಮರಿಗಳು ಬೆಳಕಿಂಡಿಯತ್ತ ಹರಿದವು. ಗಾಳಿ ಬೀಸಿದಾಗ ಎಳೆ ಬಿಟ್ಟು ತೇಲಿ ಹೋದವು. ಅಂದು ಗೋಡೆಗೆ ಮುಖ ಮಾಡಿ ಅತ್ತೆ.

ಬೇಸಿಗೆಯಲ್ಲಿ ಮಣ್ಣಿನ ಮಾಳಿಗೆ ಕಾದು, ಉಳಿದ ಜೇಡಗಳು ನೀರಿನ ಹರವಿಯ ಹಿಂದಿನ ತಂಪಿಗೆ ಇಳಿದವು. ಅದನ್ನು ಹೆಂಡತಿಗೆ ಹೇಳಿದೆ. ಹರವಿ ತುಂಬುತ್ತಿದ್ದವಳು ಕೊಡ ಕೆಳಗಿಟ್ಟಳು.

"ಅವಕ್ಕ ತಿಳೀತೈತಿ, ನಿಮಗ ತಿಳಿಯಂಗಿಲ್ಲೇನ್ರಿ? ವಿಜಾಪುರದ ದವಾಖಾನಿಗಿ ಹೋಗೂಣು."

"ಅವ್ವ ಒಪ್ಪಂಗಿಲ್ಲ."

"ನಾ ಕೇಳಾಕ ಹೊಂಟಿಲ್ಲ."

ನಿಡೋಣಿಗೆ ಹೇಳಿ ಕಳಿಸಿ ತನ್ನ ಅಣ್ಣನ ಎತ್ತಿನ ಗಾಡಿ ತರಿಸಿದಳು. ಅವ್ವ ಬಾಗಿಲಲ್ಲಿ ಅಡ್ಡ ನಿಂತಳು, ಒಂದಷ್ಟು ಬೈದಳು, ಕೊನೆಗೆ ತಾನೇ ಗಾಡಿಯ ಹುಲ್ಲಿನ ಮೇಲೆ ಕೌದಿ ಹಾಸಿದಳು. ದವಾಖಾನೆಯಲ್ಲಿ ಎಲುಬನ್ನು ಮತ್ತೆ ಮುರಿದು ಕೂಡಿಸಿದರು. ಕಾಲು ತುಸು ಗಿಡ್ಡವಾಯಿತು, ಆದರೆ ಭಾರ ತಾಳಿತು.

ವಾರ್ಡಿನಲ್ಲಿ ಮೊದಲ ಸಲ ಕೋಲೂರಿ ನಿಂತಾಗ ಹೆಂಡತಿ ಹಿಡಿಯಲು ಬರಲಿಲ್ಲ. ಬಾಗಿಲ ಬಳಿ ನಿಂತು, "ಬರ್ರಿ," ಅಂದಳು.